ಕಾಲದ ಹರಳು

ಆಷಾಢದ ಒಂದು ಸಂಜೆ. ಮೈಸೂರಿನ ಸರಸ್ವತೀಪುರಂ ಬಡಾವಣೆಯ ಆ ಮನೆಯಲ್ಲಿ ವಿದ್ಯುದ್ದೀಪಗಳು ಒಮ್ಮೆ ಕಣ್ಣು ಮಿಟುಕಿಸಿ ಆರಿಹೋದವು. ಮರುಕ್ಷಣವೇ ನಡುಮನೆಯ ಒಂದು ದೀಪ ಮಾತ್ರ ಮತ್ತೆ ಹೊತ್ತಿಕೊಂಡಿತು. ಮೆಟ್ಟಿಲ ಕೆಳಗೆ ಕುಳಿತ ಇನ್ವರ್ಟರು ತನ್ನ ಕರ್ತವ್ಯಕ್ಕೆ ಹಾಜರಾದ ಗುರುತು ಅದು. ಆರಾಮಕುರ್ಚಿಯಲ್ಲಿ ಒರಗಿದ್ದ ಮೇಷ್ಟ್ರು ಅಭ್ಯಾಸಬಲದಿಂದ ಕೈಗಡಿಯಾರವನ್ನು ನೋಡಿಕೊಂಡರು. ಆರು ಗಂಟೆ ನಲವತ್ತೆರಡು ನಿಮಿಷ.

ಪ್ರೌಢಶಾಲೆಯಲ್ಲಿ ಮೂವತ್ತನಾಲ್ಕು ವರ್ಷ ವಿಜ್ಞಾನ ಬೋಧಿಸಿ ನಿವೃತ್ತರಾಗಿ ಎರಡು ದಶಕಗಳು ಕಳೆದಿದ್ದರೂ ನೆರೆಹೊರೆಯವರಿಗೆ ಅವರು ಇಂದಿಗೂ ಮೇಷ್ಟ್ರೇ. ಅವರ ಸಮಯಪಾಲನೆಯಂತೂ ಗಾದೆಯಾಗಿತ್ತು. ಶಾಲೆಯ ಜವಾನನು ಗೋಡೆಯ ಗಡಿಯಾರದ ಗೊಡವೆಗೆ ಹೋಗದೆ, ಮೇಷ್ಟ್ರು ಗೇಟಿನೊಳಕ್ಕೆ ಕಾಲಿಟ್ಟುದನ್ನು ಕಂಡು ಗಂಟೆ ಬಾರಿಸುತ್ತಿದ್ದನೆಂದು ಹಳೆಯ ವಿದ್ಯಾರ್ಥಿಗಳು ಈಗಲೂ ಹೇಳಿಕೊಂಡು ನಗುವುದುಂಟು.

ದೀಪದ ಕೆಳಗೆ ಚಾಪೆಯ ಮೇಲೆ ಬೋರಲು ಮಲಗಿ ದಪ್ಪನೆಯ ಆಂಗ್ಲ ಕಾದಂಬರಿಯೊಂದನ್ನು ಓದುತ್ತಿದ್ದ ಮೊಮ್ಮಗಳು ತಲೆಯೆತ್ತಿ ಕೇಳಿದಳು:

"ತಾತ, ಪ್ಲಾಟ್ನರೈಟ್ ಅನ್ನೋ ಹರಳು ನಿಜವಾಗಿಯೂ ಇದೆಯೇ?"

"ಇದೆ."

"ಎಲ್ಲಿದೆ?"

"ನಮ್ಮ ಮನೆಯಲ್ಲೇ ಇದೆ. ಮೆಟ್ಟಿಲ ಕೆಳಗೆ."

ಹುಡುಗಿ ಎದ್ದು ಕುಳಿತಳು. ತಾತ ಪರಿಹಾಸ್ಯ ಮಾಡುತ್ತಿದ್ದಾರೆಯೋ ಪಾಠಕ್ಕೆ ಪೀಠಿಕೆ ಹಾಕುತ್ತಿದ್ದಾರೆಯೋ ಎಂಬುದು ಅವಳಿಗೆ ತಿಳಿಯಲಿಲ್ಲ. ಮೇಷ್ಟ್ರ ವಿಷಯದಲ್ಲಿ ಈ ಎರಡಕ್ಕೂ ಬಹಳ ಅಂತರವೂ ಇರಲಿಲ್ಲ.

ಅವಳ ಕೈಯಲ್ಲಿದ್ದುದು ಸ್ಟೀಫನ್ ಬ್ಯಾಕ್ಸ್‌ಟರ್ 1995ರಲ್ಲಿ ಬರೆದ 'ದಿ ಟೈಮ್ ಷಿಪ್ಸ್' ಎಂಬ ಕಾದಂಬರಿ. ಅದು ಎಚ್. ಜಿ. ವೆಲ್ಸ್ 1895ರಲ್ಲಿ ಪ್ರಕಟಿಸಿದ 'ದಿ ಟೈಮ್ ಮೆಷಿನ್' ಕಥೆಗೆ ನೂರು ವರ್ಷಗಳ ತರುವಾಯ ಬಂದ ಉತ್ತರಭಾಗ. ಮೂಲ ಕಥೆಯಲ್ಲಿ ವೆಲ್ಸ್ ತನ್ನ ಕಾಲಯಂತ್ರವನ್ನು ನಿಕ್ಕಲ್, ದಂತ ಮತ್ತು ಸ್ಫಟಿಕದ ಕಂಬಿಗಳಿಂದ ಕಟ್ಟಿದ್ದ. ಅದನ್ನು ಓಡಿಸುವ ಶಕ್ತಿ ಯಾವುದೆಂಬುದನ್ನು ಮಾತ್ರ ಜಾಣತನದಿಂದ ಹೇಳದೆ ಬಿಟ್ಟಿದ್ದ. ಆ ಕೊರತೆಯನ್ನು ತುಂಬಲು ಬ್ಯಾಕ್ಸ್‌ಟರ್ ಹಸಿರಾಗಿ ಹೊಳೆಯುವ ಒಂದು ಅಪೂರ್ವ ಪದಾರ್ಥವನ್ನು ಕಲ್ಪಿಸಿದ. ಅದು ಸೇರಿದರೆ ಯಂತ್ರ ಕಾಲದಲ್ಲಿ ಹಿಂದಕ್ಕೂ ಮುಂದಕ್ಕೂ ಚಲಿಸುವುದು. ಅದಕ್ಕೆ ಆತ ಇಟ್ಟ ಹೆಸರು ಪ್ಲಾಟ್ನರೈಟ್. ಆ ಹೆಸರೂ ವೆಲ್ಸನಿಂದಲೇ ಬಂದುದು. 1896ರಲ್ಲಿ ವೆಲ್ಸ್ ಬರೆದ ಸಣ್ಣ ಕಥೆಯೊಂದರಲ್ಲಿ ಪ್ಲಾಟ್ನರ್ ಎಂಬ ಶಾಲೆಯ ಉಪಾಧ್ಯಾಯನಿದ್ದಾನೆ. ವಿದ್ಯಾರ್ಥಿಯೊಬ್ಬ ತಂದುಕೊಟ್ಟ ಹಸಿರು ಪುಡಿಯನ್ನು ತರಗತಿಯಲ್ಲಿ ಪರೀಕ್ಷಿಸಲು ಹೋಗಿ ಅದು ಸಿಡಿದು, ಆತ ಮಾಯವಾಗುತ್ತಾನೆ. ಒಂಬತ್ತು ದಿನಗಳ ಮೇಲೆ ಹಿಂದಿರುಗಿದಾಗ ಅವನ ಶರೀರದ ಎಡವೆಲ್ಲ ಬಲವಾಗಿ, ಹೃದಯವೂ ಬಲಗಡೆಗೆ ಬಂದಿರುತ್ತದೆ.

"ಪಾಪ, ಆ ಮೇಷ್ಟ್ರೂ ವಿಜ್ಞಾನವನ್ನೇ ಪಾಠ ಮಾಡುತ್ತಿದ್ದರೇ?" ಎಂದು ಹುಡುಗಿ ಕೇಳಿದಳು.

"ಹೌದು. ಗೊತ್ತಿಲ್ಲದ ಪುಡಿಗೆ ಬೆಂಕಿ ಹಚ್ಚಬಾರದೆಂಬ ಮೊದಲ ಪಾಠವನ್ನೇ ಅವರು ಮರೆತಿದ್ದರು."

ಆದರೆ ಇದೇ ಹೆಸರಿನ ನಿಜವಾದ ಖನಿಜವೂ ಒಂದಿದೆ. ಜರ್ಮನಿಯ ಫ್ರೈಬರ್ಗಿನಲ್ಲಿ ಲೋಹಶಾಸ್ತ್ರದ ಪ್ರಾಧ್ಯಾಪಕನಾಗಿದ್ದ ಕಾರ್ಲ್ ಫ್ರೀಡ್ರಿಕ್ ಪ್ಲಾಟ್ನರನ ಗೌರವಾರ್ಥವಾಗಿ 1845ರಲ್ಲಿ ಅದಕ್ಕೆ ಆ ಹೆಸರು ಬಂದಿತು. ಹಸಿರು ಬಣ್ಣವಿಲ್ಲ, ಹೊಳಹಿನ ಮಾಯೆಯಿಲ್ಲ. ಕಪ್ಪಾದ, ತೂಕವಾದ ಕಲ್ಲು. ಸೀಸದ ಒಂದು ಪರಮಾಣುವಿಗೆ ಆಮ್ಲಜನಕದ ಎರಡು ಪರಮಾಣುಗಳು ಸೇರಿದರೆ ಅದರ ಸಂಯೋಜನೆ ಮುಗಿಯಿತು. ಆದರೆ ಅದೇ ಪದಾರ್ಥ, ಸೀಸದ ಡೈ ಆಕ್ಸೈಡ್, ಸೀಸ-ಆಮ್ಲದ ಬ್ಯಾಟರಿಯ ಧನಫಲಕದ ಮೇಲೆ ಕುಳಿತು ಕೆಲಸ ಮಾಡುತ್ತದೆ. 1859ರಲ್ಲಿ ಫ್ರಾನ್ಸಿನ ಗಾಸ್ಟನ್ ಪ್ಲಾಂಟೆ ಕಂಡುಹಿಡಿದ ಬ್ಯಾಟರಿಯ ವಂಶದಲ್ಲಿ ಹುಟ್ಟಿದ್ದೇ ಆ ಮನೆಯ ಮೆಟ್ಟಿಲ ಕೆಳಗಿದ್ದ ಪೆಟ್ಟಿಗೆ. ಮಧ್ಯಾಹ್ನ ಹರಿದು ಬಂದ ವಿದ್ಯುತ್ತನ್ನು ರಾಸಾಯನಿಕ ರೂಪದಲ್ಲಿ ಕೂಡಿಟ್ಟು ಸಂಜೆಗೆ ಹಿಂದಿರುಗಿಸುವುದು ಅದರ ಕಸುಬು.

"ನೋಡು, ಮಧ್ಯಾಹ್ನದ ಬೆಳಕಿನಲ್ಲಿ ನೀನು ಈಗ ಓದುತ್ತಿದ್ದೀಯೆ. ಕಾಲವನ್ನು ಹಿಂದಿರುಗಿಸುವುದೆಂದರೆ ಸದ್ಯಕ್ಕೆ ಇಷ್ಟೇ" ಎಂದರು ಮೇಷ್ಟ್ರು.

ಹುಡುಗಿಗೆ ಸಮಾಧಾನವಾಗಲಿಲ್ಲ. ಕಾಲವನ್ನು ಹಿಡಿದಿಡುವ ಹರಳನ್ನು ಕೇಳಿದರೆ ಡಿಸ್ಟಿಲ್ಡ್ ವಾಟರ್ ಕುಡಿಯುವ ಬ್ಯಾಟರಿಯನ್ನು ತೋರಿಸುವುದು ಯಾವ ನ್ಯಾಯ? ನಿಜವಾಗಿಯೂ ಕಾಲಕ್ಕೆ ಸಂಬಂಧಪಟ್ಟ ಹರಳು ಜಗತ್ತಿನಲ್ಲಿ ಒಂದೂ ಇಲ್ಲವೇ ಎಂದು ಅವಳು ಪಟ್ಟು ಹಿಡಿದಳು. ಮೇಷ್ಟ್ರು ಮಣಿಕಟ್ಟನ್ನು ಮುಂದೆ ಚಾಚಿದರು.

"ಇದರೊಳಗಿದೆ. ಆದರೆ ಅಪೂರ್ವವಾದುದಲ್ಲ. ಬೆಣಚುಕಲ್ಲು."

ಬೆಣಚುಕಲ್ಲನ್ನು ಕಾಣದ ಮಕ್ಕಳು ಹಿಂದಿನ ಕಾಲದಲ್ಲಿ ಇರಲಿಲ್ಲ. ಹೊಲದ ಬದುವಿನಲ್ಲಿ, ಊರಾಚೆಯ ದಿಬ್ಬದಲ್ಲಿ ಬೆಳ್ಳಗೆ ಬಿದ್ದಿರುತ್ತಿದ್ದ ಕಲ್ಲುಗಳನ್ನು ಆರಿಸಿ ತಂದು, ಕತ್ತಲೆಯ ಮೂಲೆಯಲ್ಲಿ ಒಂದಕ್ಕೊಂದು ಬಡಿದರೆ ಒಳಗಿನಿಂದ ಮಿಂಚಿನಂಥ ಬೆಳಕು ಹಾಯುತ್ತಿತ್ತು. ಮೇಷ್ಟ್ರೂ ಪ್ರತಿವರ್ಷ ತರಗತಿಯ ಕಿಟಕಿಗಳನ್ನೆಲ್ಲ ಮುಚ್ಚಿಸಿ ಆ ಬೆಳಕನ್ನು ತೋರಿಸುತ್ತಿದ್ದರು. ಭೂಮಿಯ ಖಂಡಗಳ ಹೊರಚಿಪ್ಪಿನಲ್ಲಿ ಫೆಲ್ಡ್‌ಸ್ಪಾರ್ ಬಿಟ್ಟರೆ ಅತಿ ಹೆಚ್ಚಾಗಿ ದೊರೆಯುವ ಖನಿಜ ಇದೇ. ನಿರ್ಮಲವಾಗಿ ಬೆಳೆದರೆ ಸ್ಫಟಿಕವೆನಿಸಿ ಜಪಮಾಲೆಗೆ ಸೇರುತ್ತದೆ. ಪುಡಿಯಾದರೆ ನದಿಯ ಮರಳು.

1880ರಲ್ಲಿ ಪ್ಯಾರಿಸಿನಲ್ಲಿ ಜಾಕ್ ಮತ್ತು ಪಿಯರ್ ಕ್ಯೂರಿ ಎಂಬ ಸಹೋದರರು ಈ ಕಲ್ಲಿನ ಒಂದು ಗುಣವನ್ನು ಕಂಡುಕೊಂಡರು. ಇದನ್ನು ಒತ್ತಿದರೆ ಇದರ ಮೈಮೇಲೆ ವಿದ್ಯುತ್ತು ಹುಟ್ಟುತ್ತದೆ. ವಿದ್ಯುತ್ತನ್ನು ಕೊಟ್ಟರೆ ಇದು ಎಳ್ಳಿನ ಸಾವಿರದೊಂದು ಪಾಲಿನಷ್ಟು ಅಳುಕುತ್ತದೆ ಎಂಬುದು ಮರುವರ್ಷ ತಿಳಿಯಿತು. ಸರಿಯಾದ ಅಳತೆಗೆ ಕತ್ತರಿಸಿದ ಹರಳು ವಿದ್ಯುತ್ತಿನ ಆಸರೆಯಲ್ಲಿ ಒಂದೇ ಲಯದಲ್ಲಿ ಕಂಪಿಸುತ್ತಲೇ ಇರುತ್ತದೆ. ಈ ಕಂಪನವನ್ನು ಎಣಿಸಿ ಸಮಯ ಹೇಳುವ ಮೊದಲ ಗಡಿಯಾರವನ್ನು ಅಮೆರಿಕದ ಬೆಲ್ ಪ್ರಯೋಗಶಾಲೆಯಲ್ಲಿ ವಾರೆನ್ ಮ್ಯಾರಿಸನ್ ಮತ್ತು ಹಾರ್ಟನ್ 1927ರಲ್ಲಿ ಕಟ್ಟಿದರು. ಅಂಥದೊಂದು ಯಂತ್ರ ಮಣಿಕಟ್ಟಿನ ಅಳತೆಗೆ ಇಳಿಯಲು ನಾಲ್ಕು ದಶಕಗಳು ಬೇಕಾದವು. ಜಪಾನಿನ ಸೈಕೊ ಕಂಪೆನಿ 1969ರ ಡಿಸೆಂಬರ್ 25ರಂದು 'ಆಸ್ಟ್ರಾನ್' ಎಂಬ ಕೈಗಡಿಯಾರವನ್ನು ಮಾರಾಟಕ್ಕಿಟ್ಟಿತು. ಬೆಲೆ 4,50,000 ಯೆನ್. ಆ ಹಣಕ್ಕೆ ಅಲ್ಲಿ ಆಗ ಒಂದು ಚಿಕ್ಕ ಕಾರು ಬರುತ್ತಿತ್ತು.

ಇಂದಿನ ಸಾಧಾರಣ ಕೈಗಡಿಯಾರದಲ್ಲಿ ಶ್ರುತಿಕವೆಯ ಆಕಾರದ ಪುಟ್ಟ ಹರಳು ಸೆಕೆಂಡಿಗೆ 32,768 ಸಲ ಕಂಪಿಸುತ್ತದೆ. ಆ ಸಂಖ್ಯೆಯನ್ನು ಹದಿನೈದು ಸಲ ಅರ್ಧ ಮಾಡಿದರೆ ಸರಿಯಾಗಿ ಒಂದು ಉಳಿಯುತ್ತದೆ. ಆ ಒಂದೇ ಒಂದು ಸೆಕೆಂಡು. ಹರಳಿಗೆ ಸ್ವಂತ ಶಕ್ತಿಯೇನೂ ಇಲ್ಲ. ಶಕ್ತಿ ಕೊಡುವುದು ಗುಂಡಿಯಷ್ಟು ಗಾತ್ರದ ಬ್ಯಾಟರಿ. ಹರಳಿನದು ಲಯ ತಪ್ಪದಂತೆ ಕಾಯುವ ಕೆಲಸ.

"ಹಾಗಾದರೆ ಟೈಮ್ ಕ್ರಿಸ್ಟಲ್ ಅಂತ ಮಾಡಿದ್ದಾರಲ್ಲ, ಅದೂ ಬೆಣಚುಕಲ್ಲೇ?" ಎಂದಳು ಮೊಮ್ಮಗಳು.

ಅದು ಬೇರೆ. 2004ರಲ್ಲಿ ನೊಬೆಲ್ ಪಾರಿತೋಷಕ ಪಡೆದ ಭೌತವಿಜ್ಞಾನಿ ಫ್ರಾಂಕ್ ವಿಲ್ಚೆಕ್ 2012ರಲ್ಲಿ ಮುಂದಿಟ್ಟ ಆಲೋಚನೆ ಅದು. ಮೇಷ್ಟ್ರು ಅಡಿಗೆಮನೆಯಿಂದ ಉಪ್ಪಿನ ಹರಳೊಂದನ್ನು ತರಿಸಿ ಅಂಗೈಯಲ್ಲಿಟ್ಟುಕೊಂಡರು. ಇದರೊಳಗೆ ಪರಮಾಣುಗಳು ರಂಗೋಲಿಯ ಚುಕ್ಕಿಗಳಂತೆ ಸಮದೂರದಲ್ಲಿ ಸಾಲಾಗಿ ನಿಂತಿವೆ. ಒಂದೇ ವಿನ್ಯಾಸ ಸ್ಥಳದಲ್ಲಿ ಮತ್ತೆ ಮತ್ತೆ ಬರುತ್ತದೆ. ಹಾಗೆಯೇ ಕಾಲದಲ್ಲಿ ತಾನಾಗಿ ಮರುಕಳಿಸುವ ವಿನ್ಯಾಸವುಳ್ಳ ವಸ್ತು ಏಕೆ ಇರಬಾರದು ಎಂಬುದು ವಿಲ್ಚೆಕ್‌ರ ಪ್ರಶ್ನೆ. ತನ್ನಷ್ಟಕ್ಕೆ ಸ್ತಿಮಿತವಾಗಿರುವ ವಸ್ತುವಿನಲ್ಲಿ ಅದು ಅಸಾಧ್ಯವೆಂದು 2015ರಲ್ಲಿ ಜಪಾನಿನ ಇಬ್ಬರು ಭೌತವಿಜ್ಞಾನಿಗಳು ತೋರಿಸಿಕೊಟ್ಟರು. ಆದರೆ ಹೊರಗಿನಿಂದ ಕ್ರಮವಾಗಿ ತಟ್ಟುತ್ತಿದ್ದರೆ ಸಾಧ್ಯ. 2017ರಲ್ಲಿ ಮೇರಿಲ್ಯಾಂಡ್ ಮತ್ತು ಹಾರ್ವರ್ಡ್ ವಿಶ್ವವಿದ್ಯಾಲಯಗಳ ತಂಡಗಳು ತಮ್ಮ ಪ್ರಯೋಗಗಳನ್ನು ಪ್ರಕಟಿಸಿದವು. ಒಂದರಲ್ಲಿ ಇಟರ್ಬಿಯಂ ಧಾತುವಿನ ಅಯಾನುಗಳು, ಇನ್ನೊಂದರಲ್ಲಿ ವಜ್ರ. ಎರಡು ಸಲ ತೂಗಿದರೆ ಒಂದು ಸಲ ಮಾತ್ರ ಆಡುವ ತೊಟ್ಟಿಲಿನಂತೆ, ಹೊರಗಿನ ತಟ್ಟುವಿಕೆಯ ಎರಡರಷ್ಟು ಅವಧಿಯ ಲಯವನ್ನು ಅವು ಹಿಡಿದವು. ತಟ್ಟುವುದರಲ್ಲಿ ಕೊಂಚ ಹೆಚ್ಚುಕಡಿಮೆಯಾದರೂ ಆ ಲಯ ಕೆಡಲಿಲ್ಲ. ಅದರಿಂದ ಶಕ್ತಿಯನ್ನು ಕರೆದುಕೊಳ್ಳಲಾಗದು. ಅದರ ಮೇಲೆ ಕುಳಿತು ನಿನ್ನೆಗೆ ಹೋಗಲೂ ಆಗದು.

"ಅಂದರೆ ಅಜ್ಜಿ ದಿನಾ ಬೆಳಿಗ್ಗೆ ಅದೇ ಚುಕ್ಕಿ ಇಟ್ಟು ಅದೇ ರಂಗೋಲಿ ಹಾಕುತ್ತಿದ್ದರಲ್ಲ, ಹಾಗೆ" ಎಂದು ಹುಡುಗಿ ಹೇಳಿ, ತಿರುಗಿ ಪುಸ್ತಕದೊಳಕ್ಕೆ ಇಳಿದಳು.

ಮೇಷ್ಟ್ರು ಉಪ್ಪಿನ ಹರಳನ್ನು ಅಂಗೈಯಲ್ಲಿ ಹಿಡಿದುಕೊಂಡೇ ಕುಳಿತರು.

ಅವರ ಪತ್ನಿ ತೀರಿಕೊಂಡು ಆರು ವರ್ಷಗಳಾಗಿದ್ದವು. ಮದುವೆಯಾದದ್ದು 1969ರಲ್ಲಿ, ಜಪಾನಿನಲ್ಲಿ ಆ ಗಡಿಯಾರ ಹೊರಬಂದ ವರ್ಷವೇ. ಮಾವನವರು ವರೋಪಚಾರಕ್ಕೆ ಕೊಟ್ಟದ್ದು ಒಂದು ಎಚ್‌ಎಂಟಿ ಕೈಗಡಿಯಾರ. ಹಿಂದುಸ್ಥಾನ್ ಮೆಷಿನ್ ಟೂಲ್ಸ್ ಸಂಸ್ಥೆ ಜಪಾನಿನ ಸಿಟಿಜನ್ ಕಂಪೆನಿಯ ಸಹಯೋಗದಿಂದ 1961ರಲ್ಲಿ ಬೆಂಗಳೂರಿನಲ್ಲಿ ಕೈಗಡಿಯಾರಗಳ ತಯಾರಿಕೆಯನ್ನು ಆರಂಭಿಸಿತ್ತು. ಅದು ಕೈಯಲ್ಲಿದ್ದರೆ ಮನುಷ್ಯನಿಗೆ ಒಂದು ಉದ್ಯೋಗವೂ ಒಂದು ಸಂಸಾರವೂ ಇದೆಯೆಂದು ಲೋಕ ತಿಳಿಯುತ್ತಿದ್ದ ಕಾಲ ಅದು. ಮುಖಫಲಕದ ಮೇಲೆ ಹದಿನೇಳು ಜ್ಯುವೆಲ್ಸ್ ಎಂದು ಬರೆದಿತ್ತು. ಚಕ್ರಗಳ ಅಚ್ಚುಗಳು ಸವೆಯದಂತೆ ಆಸರೆಯಾಗಿ ಕೂರಿಸಿದ ಕೃತಕ ಮಾಣಿಕ್ಯಗಳ ಲೆಕ್ಕವದು. ಹೊಸ ಮದುವಣಗಿತ್ತಿ ಅದನ್ನು ಕೇಳಿ, "ಹದಿನೇಳಿದ್ದ ಮೇಲೆ ಎರಡನ್ನು ತೆಗೆದು ನನ್ನ ಓಲೆಗೆ ಹಾಕಿಸಬಾರದೇ?" ಎಂದು ನಕ್ಕಿದ್ದರು. ಮೇಷ್ಟ್ರು ನಗದೆ, ಘರ್ಷಣೆಯ ವಿಷಯವಾಗಿ ಕಾಲು ಗಂಟೆ ವಿವರಿಸಿದ್ದರು.

ಆ ಗಡಿಯಾರ ದಿನಕ್ಕೊಮ್ಮೆ ಕೀಲಿ ಕೇಳುತ್ತಿತ್ತು. ಕೀಲಿ ಕೊಡುವವರು ಯಾರೆಂದು ಮನೆಯಲ್ಲಿ ಯಾರೂ ತೀರ್ಮಾನಿಸಲಿಲ್ಲ. ರಾತ್ರಿ ಊಟವಾಗಿ, ಅಡಿಗೆಮನೆ ತೊಳೆದು, ಸೆರಗಿಗೆ ಕೈಯೊರೆಸಿಕೊಂಡು ಬಂದು, ಮೇಜಿನ ಮೇಲಿದ್ದ ಗಡಿಯಾರವನ್ನು ಎತ್ತಿಕೊಂಡು ಹೆಬ್ಬೆರಳು ತೋರುಬೆರಳುಗಳ ನಡುವೆ ಅದರ ಕಿರೀಟವನ್ನು ತಿರುಗಿಸುವುದು ಆಕೆಯ ದಿನಚರಿಯ ಕೊನೆಯ ಕೆಲಸವಾಯಿತು. ಮೇಷ್ಟ್ರ ಹೆಸರಾಂತ ಸಮಯಪಾಲನೆ ಆ ಎರಡು ಬೆರಳುಗಳ ತುದಿಯಲ್ಲಿತ್ತು. ಸೆಕೆಂಡಿಗೆ ಐದು ಸಲ ಬಡಿದ ಆ ಗಡಿಯಾರದ ಒಳಗಿನ ಸುರುಳಿಯಲ್ಲಿ ಕೂಡಿಟ್ಟ ಶಕ್ತಿಯೂ ಆಕೆಯದೇ. ಬೆಳಿಗ್ಗೆ ಐದಕ್ಕೆ ಎದ್ದು ಅಂಗಳ ಸಾರಿಸಿ ರಂಗೋಲಿಯಿಟ್ಟು, ಎಂಟೂವರೆಗೆ ಸರಿಯಾಗಿ ಊಟ ಬಡಿಸಿ ಕಳುಹಿಸುತ್ತಿದ್ದವರೂ ಆಕೆಯೇ. ಜವಾನ ಗಂಟೆ ಬಾರಿಸಿದ್ದು ಯಾರನ್ನು ನೋಡಿ ಎಂಬುದು ಅಂದು ಮೇಷ್ಟ್ರಿಗೆ ಹೊಳೆದಿರಲಿಲ್ಲ.

1994ರಲ್ಲಿ ಮಗ ಮೊದಲ ಸಂಬಳದಿಂದ ತಂದೆಗೊಂದು ಕ್ವಾರ್ಟ್ಜ್ ಕೈಗಡಿಯಾರ ತಂದುಕೊಟ್ಟ. ಅಷ್ಟರಲ್ಲಿ ದೇಶದ ರುಚಿಯೂ ಬದಲಾಗಿತ್ತು. 1984ರಲ್ಲಿ ಸ್ಥಾಪನೆಗೊಂಡ ಟೈಟನ್ ಸಂಸ್ಥೆ ಬೆಂಗಳೂರಿಗೆ ಸಮೀಪದ ಹೊಸೂರಿನಲ್ಲಿ ಕಾರ್ಖಾನೆ ತೆರೆದು ಕ್ವಾರ್ಟ್ಜ್ ಗಡಿಯಾರಗಳನ್ನೇ ನೆಚ್ಚಿ ಬೆಳೆಯಿತು. ಕೀಲಿಯ ಗಡಿಯಾರಗಳ ಕಾಲ ಹಿಂದೆ ಸರಿಯತೊಡಗಿತು. ಎಚ್‌ಎಂಟಿಯ ಕೈಗಡಿಯಾರ ವಿಭಾಗವನ್ನು ಮುಚ್ಚುವ ತೀರ್ಮಾನವನ್ನು ಕೇಂದ್ರ ಸರ್ಕಾರ 2016ರಲ್ಲಿ ಕೈಗೊಂಡಿತು.

ಹೊಸ ಗಡಿಯಾರ ಮನೆಗೆ ಬಂದ ರಾತ್ರಿ ಆಕೆ ಎಂದಿನಂತೆ ಕೈಯೊರೆಸಿಕೊಂಡು ಬಂದು, ಅದನ್ನು ಎತ್ತಿ ತಿರುಗಿಸಿ ನೋಡಿ, "ಇನ್ನು ಇದಕ್ಕೆ ನಾನು ಬೇಡವೇ?" ಎಂದಿದ್ದರು.

ಮೇಷ್ಟ್ರು ಉತ್ಸಾಹದಿಂದ ಎದ್ದು ಕುಳಿತು ಕ್ಯೂರಿ ಸಹೋದರರಿಂದ ಆರಂಭಿಸಿದರು. ಮೂವತ್ತೆರಡು ಸಾವಿರದ ಏಳುನೂರ ಅರವತ್ತೆಂಟನ್ನು ಕಾಗದದ ಮೇಲೆ ಬರೆದು ಹದಿನೈದು ಸಲ ಅರ್ಧ ಮಾಡಿ ತೋರಿಸಿದರು. ಕೀಲಿಯ ಗಡಿಯಾರ ಒಂದು ದಿನದಲ್ಲಿ ತಪ್ಪುವಷ್ಟನ್ನು ಇದು ಒಂದು ತಿಂಗಳಿಗೂ ತಪ್ಪುವುದಿಲ್ಲವೆಂದು ಲೆಕ್ಕ ಹಾಕಿದರು. ಅರ್ಧ ಗಂಟೆ ನಡೆದ ಆ ಪಾಠವನ್ನು ಆಕೆ ನಿಂತೇ ಕೇಳಿ, "ಹೌದೇ?" ಎಂದು ಹೇಳಿ, ಹಳೆಯ ಗಡಿಯಾರವನ್ನು ಬಟ್ಟೆಯಲ್ಲಿ ಸುತ್ತಿ ಬೀರುವಿನಲ್ಲಿಟ್ಟು ಮಲಗಿದರು. ಇಪ್ಪತ್ತೈದು ವರ್ಷಗಳಲ್ಲಿ ಒಂಬತ್ತು ಸಾವಿರಕ್ಕೂ ಹೆಚ್ಚು ರಾತ್ರಿಗಳು. ಆ ಗುಣಾಕಾರವನ್ನು ಮೇಷ್ಟ್ರು ಮಾಡಿದ್ದು ಆಕೆ ಹೋದ ಮೇಲೆ.

"ತಾತ, ನಿಮಗೆ ಪ್ಲಾಟ್ನರೈಟ್ ಸಿಕ್ಕರೆ ಎಲ್ಲಿಗೆ ಹೋಗುತ್ತೀರಿ?" ಮೊಮ್ಮಗಳು ಪುಟ ತಿರುಗಿಸುತ್ತ ಕೇಳಿದಳು.

ಮೇಷ್ಟ್ರಿಗೆ ವೆಲ್ಸನ ಕಾಲಯಾತ್ರಿಕ ನೆನಪಾದ. ಅವನು ಎಂಟು ಲಕ್ಷ ವರ್ಷಗಳಾಚೆಗೆ ಹೋಗಿ ತಂದದ್ದು ಜೇಬಿನಲ್ಲಿ ಬಾಡಿದ ಎರಡು ಬಿಳಿಯ ಹೂಗಳನ್ನು. ಅಲ್ಲಿ ವೀನಾ ಎಂಬ ಪುಟ್ಟ ಜೀವ ಪ್ರೀತಿಯಿಂದ ಅವನ ಜೇಬಿನಲ್ಲಿಟ್ಟವು ಅವು. ಅವಳನ್ನು ಅವನಿಗೆ ಉಳಿಸಿಕೊಳ್ಳಲಾಗಲಿಲ್ಲ. ಬ್ಯಾಕ್ಸ್‌ಟರನ ಕಾದಂಬರಿಯಲ್ಲಿ ಆತ ಅವಳನ್ನು ಕಾಪಾಡಲೆಂದೇ ಮತ್ತೆ ಹೊರಡುತ್ತಾನೆ. ಆದರೆ ತಲುಪಿದ ಕಾಲ ಮುಂಚಿನದಾಗಿರುವುದಿಲ್ಲ. ಅವನು ಒಮ್ಮೆ ಹೋಗಿಬಂದುದರಿಂದಲೇ ಚರಿತ್ರೆಯ ದಾರಿ ಬದಲಾಗಿರುತ್ತದೆ. ನಮ್ಮ ಪುರಾಣದ ಯಯಾತಿಗಂತೂ ಯಾವ ಮಣಿಯೂ ದೊರೆಯಲಿಲ್ಲ. ದಿನಕ್ಕೆ ಎಂಟು ಭಾರ ಚಿನ್ನ ಕೊಡುವ ಶ್ಯಮಂತಕದ ಕಥೆಯನ್ನು ಹೇಳಿದ ಪುರಾಣವೇ, ಯಯಾತಿಗೆ ಯೌವನ ಬೇಕಾದಾಗ ಅದನ್ನು ಮಗನಾದ ಪೂರುವಿನಿಂದ ಕೊಡಿಸಿತು. ಒಬ್ಬರ ಕಾಲ ಹೆಚ್ಚಬೇಕಾದರೆ ಇನ್ನೊಬ್ಬರು ತಮ್ಮದನ್ನು ಕೊಡಬೇಕು. ಪೂರು ಕೊಟ್ಟುದನ್ನು ಲೋಕ ನೆನಪಿಟ್ಟುಕೊಂಡಿತು. ಮನೆಮನೆಗಳಲ್ಲಿ ದಿನವೂ ಹೀಗೆ ಕೊಟ್ಟವರ ಹೆಸರನ್ನು ಯಾರು ಬರೆದಿಟ್ಟಿದ್ದಾರೆ?

"ಬಹಳ ದೂರ ಏನೂ ಇಲ್ಲ, ಮಗು. 1994ಕ್ಕೆ. ಅದೂ ಅರ್ಧ ಗಂಟೆ ಸಾಕು."

"ಅಲ್ಲಿ ಏನು ಮಾಡುತ್ತೀರಿ?"

"ಸುಮ್ಮನಿರುತ್ತೇನೆ."

ಮೊಮ್ಮಗಳಿಗೆ ಅದು ಬಹಳ ನಿಸ್ಸಾರವಾದ ಪ್ರಯಾಣವೆನಿಸಿತು. ಆದರೆ ಬಾಗಿಲಲ್ಲಿ ಬಟ್ಟೆ ಮಡಿಸುತ್ತ ನಿಂತಿದ್ದ ಸೊಸೆ ಮಾವನವರ ಮುಖವನ್ನೊಮ್ಮೆ ನೋಡಿ ಒಳಗೆ ಹೋದರು. ಹಿಂದಿರುಗಿದಾಗ ಅವರ ಕೈಯಲ್ಲಿ ಬಟ್ಟೆಯ ಸಣ್ಣ ಗಂಟೊಂದಿತ್ತು.

"ಮಾವ, ಇದು ಕೆಟ್ಟಿಲ್ಲ. ಅತ್ತೆ ಪ್ರತಿ ಶುಕ್ರವಾರ ದೇವರಿಗೆ ದೀಪ ಹಚ್ಚಿದ ಮೇಲೆ ಇದಕ್ಕೆ ಕೀಲಿ ಕೊಟ್ಟು ಇಡುತ್ತಿದ್ದರು. ಸುಮ್ಮನೆ ಬಿಟ್ಟರೆ ಒಳಗಿನ ಎಣ್ಣೆ ಗಟ್ಟಿಯಾಗುತ್ತದೆಯೆಂದು ರಿಪೇರಿ ಅಂಗಡಿಯವರು ಹೇಳಿದ್ದರಂತೆ. ನಿಮಗೆ ಹೇಳಬೇಡವೆಂದಿದ್ದರು."

"ಏಕೆ?"

"ಹೇಳಿದರೆ ಎಣ್ಣೆಯ ವಿಷಯ ವಿವರಿಸುತ್ತೀರಿ ಅಂತ."

ಮೊಮ್ಮಗಳು ಗಟ್ಟಿಯಾಗಿ ನಕ್ಕಳು. ಮೇಷ್ಟ್ರೂ ನಕ್ಕರು, ಆದರೆ ಅವರ ನಗೆ ಬೇಗನೆ ಮುಗಿಯಿತು. ಗಂಟನ್ನು ಬಿಚ್ಚಿ ಗಡಿಯಾರವನ್ನು ಎತ್ತಿಕೊಂಡು, ಬೆರಳುಗಳು ಸ್ವಲ್ಪ ನಡುಗಿದುದರಿಂದ, ಅದನ್ನು ಮೊಮ್ಮಗಳ ಕೈಗೆ ಕೊಟ್ಟರು. ಅವಳು ಕಿರೀಟವನ್ನು ಮೆಲ್ಲಗೆ ತಿರುಗಿಸಿ ಕಿವಿಗೆ ಹಿಡಿದಳು. ಆರು ವರ್ಷ ಮಲಗಿದ್ದುದು ಒಂದೆರಡು ಸಲ ತಡವರಿಸಿ ನಡೆಯತೊಡಗಿತು. ಅಷ್ಟರಲ್ಲಿ ವಿದ್ಯುತ್ತು ಮರಳಿ ಬಂದು ಮನೆಯ ದೀಪಗಳೆಲ್ಲ ಬೆಳಗಿದವು. ಮೇಷ್ಟ್ರು ತಮ್ಮ ಕ್ವಾರ್ಟ್ಜ್ ಗಡಿಯಾರವನ್ನು ನೋಡಿ ಹಳೆಯದರ ಮುಳ್ಳುಗಳನ್ನು ಸರಿಪಡಿಸಿದರು.

ಮರುದಿನ ರಾತ್ರಿಯ ಹೊತ್ತಿಗೆ ಅದು ನಾಲ್ಕು ನಿಮಿಷ ಹಿಂದೆ ಬಿದ್ದಿತ್ತು.

"ಇದೇಕೆ ಹಿಂದೆ ಬೀಳುತ್ತದೆ ತಾತ?" ಎಂದು ಮೊಮ್ಮಗಳು ಕೇಳಿದಳು.

ಕಾರಣ ಮೇಷ್ಟ್ರಿಗೆ ಚೆನ್ನಾಗಿ ತಿಳಿದಿತ್ತು. ವಿವರಿಸಲು ಅರ್ಧ ಗಂಟೆ ಬೇಕಾಗುತ್ತಿತ್ತು. ಅವರು ಊಟದ ಕೈ ತೊಳೆದು ಬಂದು ಅವಳ ಪಕ್ಕದಲ್ಲಿ ಕುಳಿತರು.

"ಕೀಲಿ ಕೊಡು, ಮಗು. ನಾನು ನೋಡುತ್ತ ಕುಳಿತಿರುತ್ತೇನೆ."